ಕರೆಯಲು ಹೋಗುತ್ತಿದ್ದ ತಾಯಮ್ಮ

ಶಿರಾಳಕೊಪ್ಪದಲ್ಲಿ ನನ್ನದೊಂದು ಬಳೆ ಅಂಗಡಿ. ಬಸ್ ಸ್ಟ್ಯಾಂಡಿನಿಂದ ಸಂತೆಗೆ ಹೋಗುವ ದಾರಿಯಲ್ಲಿ ರಾಜೇಶ್ವರಮ್ಮನ ಅಂಗಡಿ ಯಾವುದು ಅಂತ ಯಾರನ್ನು ಕೇಳಿದರೂ ತೋರಿಸುತ್ತಾರೆ. ಜೊತೆಗೆ, ಆ ಹೆಂಗಸಿಗೆ ಬಾಯಿ ಜಾಸ್ತಿ ಅಂತಲೂ ಹೇಳುತ್ತಾರೆ. ಹೇಳಲಿ, ನನಗೇನು! ಬಳೆ ತೊಡಿಸುವವಳು ಬಾಯಿ ಮುಚ್ಚಿಕೊಂಡು ಕೂತರೆ ಎದುರಿಗಿರುವವಳು ಕೈ ಬಿಗಿ ಹಿಡಿಯುತ್ತಾಳೆ, ಬಳೆ ಒಡೆಯುತ್ತದೆ. ಮಾತಾಡಿಸುತ್ತಾ ತೊಡಿಸಬೇಕು. ಹಾಗೆ ಮಾತಾಡಿ ಮಾತಾಡಿಯೇ ನನಗೆ ಈ ಸೀಮೆಯ ಅರ್ಧ ಸಂಸಾರಗಳು ಗೊತ್ತು. ಅದರಲ್ಲಿ ತಾಯಮ್ಮನದು ಒಂದು.

ತಾಯಮ್ಮನ ಊರು ಶಿರಾಳಕೊಪ್ಪದಿಂದ ಸೊರಬದ ಕಡೆಗೆ, ಬಸ್ಸಿಳಿದು ಒಂದಿಷ್ಟು ನಡೆಯಬೇಕು. ಕುರಿ ಸಾಕುವ ಮನೆ. ಗಂಡ ಸತ್ತು ಎಷ್ಟೋ ವರ್ಷವಾಯಿತು, ಮಕ್ಕಳಾಗಲಿಲ್ಲ. ಮೈದುನನ ಮಕ್ಕಳು ಕುರಿ ಮೇಯಿಸಿದರೆ ಇವಳು ಸಂತೆಯಲ್ಲಿ ಮಾರುತ್ತಾಳೆ. ಕುರಿಯ ಬೆನ್ನು ಹಿಸುಕಿ ನೋಡುವ ಗಿರಾಕಿಗೆ, 'ಬೆನ್ನೇನ್ ನೋಡ್ತೀಯೋ, ಹಲ್ ನೋಡೋ ಹಲ್ಕಟ್' ಎಂದು ಬೈಯುತ್ತಲೇ ಮಾರುವವಳು. ಎತ್ತರದ ಆಳು, ಸಂತೆಯ ಆ ತುದಿಯಲ್ಲಿ ಕೂಗಿದರೆ ಈ ತುದಿಯಲ್ಲಿ ನನ್ನ ಅಂಗಡಿಗೆ ಕೇಳುತ್ತಿತ್ತು. ಹೆದರಿಕೆ ಅನ್ನುವುದು ಅವಳ ಹತ್ತಿರ ಸುಳಿಯುತ್ತಿರಲಿಲ್ಲ.

ಆದರೆ ಅವಳಿಗೆ ಹೆಸರು ಬಂದದ್ದು ಕುರಿಯಿಂದಲ್ಲ, ಕರೆಯಲು ಹೋಗುವುದರಿಂದ. ಅವರ ಜನದಲ್ಲಿ ಸೊಸೆ ಮುನಿಸಿಕೊಂಡೋ ಏಟು ತಿಂದೋ ತವರಿಗೆ ಹೋದರೆ ಗಂಡ ಹೋಗಿ ಕರೆಯುವ ಹಾಗಿಲ್ಲ. ಗಂಡನ ಕಡೆಯ ಹಿರಿಯ ಹೆಂಗಸೊಬ್ಬಳು ಅಕ್ಕಿ, ಕಾಯಿ, ಕುಪ್ಪಸದ ಕಣ, ಹಸಿರು ಬಳೆ ತೆಗೆದುಕೊಂಡು ಹೋಗಬೇಕು. ಹೋದವಳು ಆ ಮನೆಯ ಪಡಸಾಲೆಯಲ್ಲಿ ಕೂರುತ್ತಾಳೆ. ನೀರು ಕೊಟ್ಟರೆ ಮುಟ್ಟುವುದಿಲ್ಲ. ಹಿರಿಯಳು ನೀರು ಮುಟ್ಟದೆ ಕೂತಳು ಅಂದರೆ ಆ ಮನೆಗೆ ಅಪಮಾನ, ಓಣಿಯೆಲ್ಲ ಬಾಗಿಲಲ್ಲಿ ನಿಂತು ನೋಡುತ್ತದೆ. ಕೊನೆಗೆ ಹುಡುಗಿಯ ತಾಯಿಯೇ, 'ಹೋಗವ್ವ, ಹೋಗು' ಅಂತ ಅಳುತ್ತಾ ಮಗಳನ್ನು ಹೊರಗೆ ಕಳಿಸುತ್ತಾಳೆ. ಬಳೆ ತೊಡಿಸಿ, ದೇವರ ಮುಂದೆ ಉಡಿ ತುಂಬಿದರೆ ಮುಗಿಯಿತು. ಆ ಅಕ್ಕಿ ಗಂಡನ ಮನೆಯಲ್ಲೇ ಬೇಯಬೇಕು, ತವರಲ್ಲಿ ಸುರಿದರೆ ಅಣ್ಣತಮ್ಮಂದಿರಿಗೆ ಕೇಡು ಅನ್ನುತ್ತಾರೆ. ತನ್ನಿಂದ ಒಡಹುಟ್ಟಿದವರಿಗೆ ಕೇಡಾಗಲಿ ಅಂತ ಯಾವ ಹುಡುಗಿ ಕೂರುತ್ತಾಳೆ?

ಈ ಕೆಲಸಕ್ಕೆ ತಾಯಮ್ಮನನ್ನು ಮೀರಿಸುವವರಿರಲಿಲ್ಲ. ಸ್ವಂತ ನೆಂಟರಷ್ಟೇ ಅಲ್ಲ, ದೂರದ ನೆಂಟರೂ ಕಾರು ಮಾಡಿಕೊಂಡು ಬಂದು ಅವಳನ್ನು ಕರೆದೊಯ್ಯುತ್ತಿದ್ದರು. 'ತಾಯಕ್ಕ ಹೊಂಟ್ಲು ಅಂದ್ರೆ ಸೊಸೆ ಬಂದಂಗೇ' ಅನ್ನುವುದು ಮಾತಾಗಿಹೋಗಿತ್ತು. ಬಳೆ ಮಾತ್ರ ನನ್ನ ಅಂಗಡಿಯಿಂದಲೇ. ಬಂದು ಕೂತು, ಎಲೆಯಡಿಕೆ ಬಾಯಿಗೆ ಹಾಕಿಕೊಂಡು, 'ರಾಜವ್ವ, ಒಂದ್ ಡಜನ್ ಕಟ್ಟು, ಕರೆಯಾಕೆ ಹೊಂಟೀನಿ' ಅನ್ನುವಾಗ ಅವಳ ಮುಖ ನೋಡಬೇಕಿತ್ತು. ದಿಬ್ಬಣ ಹೊರಡುವವಳ ಗತ್ತು.

ನಾನು ಒಮ್ಮೆ ಕೇಳಿಯೂ ಬಿಟ್ಟೆ.

'ಅಲ್ವೇ ತಾಯಕ್ಕ, ಕರ್ಕೊಂಡ್ ಬಂದ್ಮೇಲೆ ಅವ್ರು ಹೊಡೆಯೋದು ಬಿಡ್ತಾರಾ?'

'ಕೆಲವ್ರು ಬಿಡ್ತಾರೆ.'

'ಉಳಿದವ್ರು?'

'ಉಳಿದವ್ರಿಗೆ ವಯಸ್ಸಾದ್ಮೇಲೆ ಕೈ ಸೋಲ್ತೈತೆ. ನಂದೂ ಹಂಗೇ ಆತು. ನನ್ನ ಕರೆಯಾಕೆ ನಮ್ಮೆಜಮಾನ್ರ ಸೋದರತ್ತೆ ಬಂದಿದ್ಲು. ಮುದುಕಿ ಬೆಳಿಗ್ಗೆಯಿಂದ ಬೈಗಿನವರೆಗೂ ನೀರು ಮುಟ್ಲಿಲ್ಲ. ಹೋದೆ. ಆಮೇಲೂ ಹೊಡ್ದ. ಆದ್ರೆ ಮನೆ ಉಳೀತಲ್ಲೇ, ರಾಜವ್ವ!'

ಅದನ್ನು ಹೇಳುವಾಗ ಅವಳಿಗೆ ದುಃಖವಿರಲಿಲ್ಲ. ಹೆಮ್ಮೆಯೇ ಇತ್ತು. ತಾನು ಸಹಿಸಿದ್ದನ್ನು ಎಲ್ಲರೂ ಸಹಿಸಬಹುದು ಅನ್ನುವ ಲೆಕ್ಕ ಅವಳದು. ನನಗೆ ಮೈ ಉರಿಯಿತು, ಆದರೆ ಗಿರಾಕಿ ಬಂದರು, ಮಾತು ಅಲ್ಲಿಗೇ ನಿಂತಿತು.

ಈಗ ಸುಮಾಳ ವಿಷಯಕ್ಕೆ ಬರುತ್ತೇನೆ. ತಾಯಮ್ಮನ ತವರು ಅಂಬ್ಲಿಗೊಳದ ಹತ್ತಿರ. ಕೆರೆಯ ನೀರು ಹರಿಯುವ ಗದ್ದೆ, ಒಳ್ಳೆಯ ಮನೆತನ. ಅಲ್ಲಿ ತಮ್ಮ ಕರಿಯಣ್ಣ ಇದ್ದಾನೆ, ಅವನ ಮಗ ಯತೀಶ. ಮಕ್ಕಳಿಲ್ಲದ ತಾಯಮ್ಮನಿಗೆ ಯತೀಶ ಅಂದರೆ ಪ್ರಾಣ. ಅವನಿಗೆ ಕ್ಯಾಸನೂರಿನ ಕಡೆಯ ಸುಮಾಳನ್ನು ತಂದದ್ದೂ ಇವಳ ಓಡಾಟದಿಂದಲೇ. ಮದುವೆಗೆ ಹುಡುಗಿಗೆ ಬಳೆ ತೊಡಿಸಿದವಳು ನಾನು. ಸಣ್ಣ ಕೈ, ಎಲುಬೆಲ್ಲ ಮೆತ್ತಗೆ, ಟೂ ಫೋರ್ ಅಳತೆ. ಆ ಅಳತೆ ಈಗಿನ ಹುಡುಗಿಯರಿಗೆ ಸಾಮಾನ್ಯವಾಗಿ ಏರುವುದಿಲ್ಲ. ಹುಡುಗಿ ಹೊಲಿಗೆ ಕಲಿತಿದ್ದಳು. ರವಿಕೆಗೆ ಅಂಚು ಕೂರಿಸುವುದರಲ್ಲಿ ನಿಸ್ಸೀಮಳಂತೆ.

ಮದುವೆಯಾದ ಮರುವರ್ಷವೇ ಸುಮಾ ತವರು ಸೇರಿದಳು. ತಾಯಮ್ಮ ಹೋದಳು, ಕೂತಳು, ಕರೆತಂದಳು. ಕ್ಯಾಸನೂರಿನ ಆ ಮನೆಯಲ್ಲಿ ಹುಡುಗಿಯ ತಾಯಿಗೆ, 'ಇನ್ಮೇಲೆ ಯಾರಾರ ಇವಳ ಮೈ ಮುಟ್ಟಿದ್ರೆ ನನ್ನ ಕೇಳವ್ವ, ನಾನಿದ್ದೀನಿ' ಅಂತ ಮಾತು ಕೊಟ್ಟು ಬಂದಳು. ಆ ಮಾತನ್ನು ಅವಳು ಎಲ್ಲ ಮನೆಗಳಲ್ಲೂ ಕೊಡುತ್ತಿದ್ದಳು. ಕೊಟ್ಟು, ಊಟ ಮಾಡಿ, ಬಸ್ ಹತ್ತುತ್ತಿದ್ದಳು.

ಅದಾಗಿ ಒಂದು ವರ್ಷದ ಮೇಲೆ, ಒಂದು ಮಧ್ಯಾಹ್ನ ಮತ್ತೆ ಬಂದಳು. ಅಂಬ್ಲಿಗೊಳದಿಂದ ನೇರ ಬಂದಿದ್ದಳು, ಇಲ್ಲಿಂದ ಕ್ಯಾಸನೂರಿಗೆ ಹೊರಟವಳು. ನಾನು ಕೇಳದೆಯೇ ಟೂ ಫೋರ್ ಅಳತೆಯ ಹಸಿರು ಬಳೆ ತೆಗೆದೆ. ತಾಯಮ್ಮ ಎಲೆಯಡಿಕೆ ಜಗಿಯುವುದನ್ನು ನಿಲ್ಲಿಸಿದಳು.

'ಅದು ಬ್ಯಾಡ. ದೊಡ್ಡವು ಕೊಡು.'

'ಯಾಕೆ? ಹುಡುಗಿ ದಪ್ಪ ಆದ್ಲಾ?'

'ಬಲಗೈ ಊದೈತಂತೆ. ಬಾಗಿಲಿಗೆ ಸಿಕ್ಕೊಂತಂತೆ.'

'ಬಾಗಿಲಿಗೆ ತಾನೇ ಸಿಕ್ಕೊಂತೋ, ಯಾರಾರ ಸಿಗಿಸಿದ್ರೋ?'

ತಾಯಮ್ಮ ನನ್ನ ಮುಖ ನೋಡಲಿಲ್ಲ. ಗಾಜಿನ ಮೇಲೆ ಬೆರಳಿಟ್ಟು ಟೂ ಏಟ್ ಅಳತೆಯ ಸಾಲನ್ನು ತೋರಿಸಿದಳು. 'ಹುಡುಗ್ರು, ಸಿಟ್ಟು. ಬಾಗಿಲು ದೂಕಿದಾನೆ, ಇವಳು ಕೈ ಕೊಟ್ಟಾಳೆ. ಬಿಡೋದು ಗೊತ್ತಾಗಿಲ್ಲ ಅವ್ನಿಗೆ. ಅರಿಶಿನ ಬಿಸಿ ಮಾಡಿ ಕಟ್ಟಿದ್ರೆ ಇಳೀತೈತೆ. ಕಟ್ಟು ಬೇಗ, ಬಸ್ ಹೋಗ್ತೈತೆ.'

ನಾನು ಕಟ್ಟಿಕೊಟ್ಟೆ. ಬಳೆ ಕೂರುವುದು ಮುಂಗೈಯಲ್ಲಾದರೂ ಅಂಗೈಯ ಗಂಟುಗಳನ್ನು ದಾಟಿಯೇ ಹೋಗಬೇಕು. ಟೂ ಫೋರ್ ಕೈಗೆ ಟೂ ಏಟ್ ಬೇಕಾಗಿದೆ ಅಂದರೆ ಆ ಕೈ ಎಷ್ಟು ಊದಿರಬಹುದು ಅಂತ ನನಗೂ ತಿಳಿಯಿತು, ಅವಳಿಗೂ ತಿಳಿದಿತ್ತು. ಥೂ, ಈಗ ನೆನೆದರೆ ಉಗಿದುಕೊಳ್ಳಬೇಕು ಅನ್ನಿಸುತ್ತದೆ. ಸಂಜೆ ಸುಮಾ ಉಡಿ ತುಂಬಿಸಿಕೊಂಡು ಗಂಡನ ಮನೆಗೆ ವಾಪಸ್ ಹೋದಳು.

ಯಾರೂ ಅವಳನ್ನು ಆಸ್ಪತ್ರೆಗೆ ಕರೆದೊಯ್ಯಲಿಲ್ಲ. ಅರಿಶಿನ ಕಟ್ಟಿದರು. ಊತ ಇಳಿಯಿತು, ಎಲುಬು ಸೊಟ್ಟಗೆ ಕೂಡಿಕೊಂಡಿತು. ಈಗ ಆ ಹುಡುಗಿಯ ಬಲಗೈಯ ಎರಡು ಬೆರಳು ಮಡಚುವುದಿಲ್ಲ. ಕತ್ತರಿ ಹಿಡಿಯಲಾರಳು, ರೊಟ್ಟಿ ತಟ್ಟಲಾರಳು. ಕೆಲಸ ಮಾಡದ ಸೊಸೆ ಅಂತ ಅದಕ್ಕೂ ಬೈಗುಳ, ಅದಕ್ಕೂ ಏಟು. ಮುಂದಿನ ಯುಗಾದಿಗೆ ಮುಂಚೆ ಅವಳು ಮತ್ತೆ ಹೊರಟಳು. ಈ ಸಲ ತವರಲ್ಲಿ ಕೂತು ಯಾರಾದರೂ ಕರೆಯಲು ಬರುತ್ತಾರೆ ಅಂತ ಕಾಯಲಿಲ್ಲ. ಸೊರಬದಲ್ಲಿ ಹೆಣ್ಣುಮಕ್ಕಳ ರಕ್ಷಣೆಯ ಅಧಿಕಾರಿಯ ಹತ್ತಿರ ಹೋಗಿ, ಅವರು ತೋರಿಸಿದ ದಾರಿಯಲ್ಲಿ ಕೋರ್ಟಿಗೆ ಅರ್ಜಿ ಹಾಕಿದಳು.

ತಾಯಮ್ಮನ ಕುರಿ ಹಟ್ಟಿಗೆ ಪೊಲೀಸ್ ಬಂದು ಕಾಗದ ಕೊಟ್ಟು ಹೋದ. ಊರೆಲ್ಲ ನೋಡಿತು. ಮರುದಿನ ಅಂಗಡಿ ಬಾಗಿಲು ತೆಗೆಯುವಷ್ಟರಲ್ಲಿ ಅವಳು ಮೆಟ್ಟಿಲ ಮೇಲೆ ಕೂತಿದ್ದಳು. ರವಿಕೆಯೊಳಗಿಂದ ಕಾಗದ ತೆಗೆದು ನನ್ನ ಮುಂದೆ ಎಸೆದಳು.

'ಓದು ಅದನ್ನ. ನನ್ನ ಹೆಸರೈತಂತೆ. ಕೌಟುಂಬಿಕ ಹಿಂಸೆಯಂತೆ! ನಾನೇನ್ ಅವಳ ಜುಟ್ಟು ಹಿಡಿದಿದ್ನಾ? ಉಪಾಸ ಕೆಡವಿದ್ನಾ? ನಾನು ಹುಲ್ಲುಕಡ್ಡಿಯಲ್ಲೂ ಹೊಡೆದಿಲ್ಲ ಆಕೀನ!'

ಓದಿದೆ. ಐವರ ಹೆಸರಿತ್ತು. ಗಂಡ ಯತೀಶ, ಮಾವ ಕರಿಯಣ್ಣ, ಅತ್ತೆ, ಯತೀಶನ ತಂಗಿಯ ಗಂಡ ಶಿವಶಂಕರ, ಐದನೆಯವಳು ತಾಯಮ್ಮ. ಶಿವಶಂಕರ ಪಾಪ ದಾವಣಗೆರೆ ಕಡೆ ಇರುವವನು, ಹಬ್ಬಕ್ಕೆ ಬಂದು ಹೋಳಿಗೆ ತಿಂದು ಹೋಗಿದ್ದು ಬಿಟ್ಟರೆ ಅವನಿಗೆ ಏನೂ ಗೊತ್ತಿಲ್ಲ. ಅವನನ್ನು ಸೇರಿಸಿದ್ದು ಅನ್ಯಾಯವೇ ಅಂತ ನಾನು ಇವತ್ತೂ ಹೇಳುತ್ತೇನೆ. ಕಾಗದ ಬರೆಯುವ ಭರದಲ್ಲಿ ಗಂಡನ ಕಡೆಯವರನ್ನೆಲ್ಲ ಎಳೆಯುವುದು ಈಗ ರೂಢಿಯಾಗಿದೆ. ತಾಯಮ್ಮನ ಮೇಲೆ ಮಾತ್ರ ಒಂದೇ ಸಾಲು ಇತ್ತು. ಎರಡು ಸಲ ತವರಿಗೆ ಬಂದು, ಇನ್ನು ಮುಂದೆ ಯಾರೂ ಕೈ ಮಾಡುವುದಿಲ್ಲವೆಂದು ಮಾತು ಕೊಟ್ಟು ಅರ್ಜಿದಾರಳನ್ನು ಕರೆದೊಯ್ದಿರುತ್ತಾರೆ ಎಂದು.

'ಸುಳ್ಳೇನೇ ಇದು?' ಎಂದೆ.

'ಸುಳ್ಳಲ್ಲ. ಆದ್ರೆ ಅದು ತಪ್ಪಾ? ಮನೆ ಸೇರ್ಸಿದ್ದು ತಪ್ಪಾ?' ಅಂದವಳು ಸೆರಗಿನಿಂದ ಮುಖ ಒರೆಸಿಕೊಂಡಳು. 'ರಾಜವ್ವ, ನಲವತ್ತು ಮನೆ ಉಳಿಸೀನಿ ಕಣೆ. ಈಗ ಸಂತೇಲಿ ಹೆಂಗೆ ತಲೆ ಎತ್ಲಿ?'

ತಲೆ ಎತ್ತಲು ಜನ ಬಿಡಲೂ ಇಲ್ಲ. ಕುರಿ ದಲ್ಲಾಳಿ ರಾಜಪ್ಪ ನಾಲ್ಕು ಜನರ ಮುಂದೆಯೇ, 'ಏನ್ ತಾಯಕ್ಕ, ಕೋರ್ಟಿಗೆ ಯಾರನ್ನ ಕರೆಯಾಕೆ ಹೊಂಟೀಯ? ಜಡ್ಜಮ್ಮಾರಿಗೂ ಬಳೆ ತಗೊಂಡೀಯಾ?' ಅಂದ. ಹಳೆಯ ತಾಯಮ್ಮ ಆಗಿದ್ದರೆ ಅವನ ಏಳು ತಲೆಮಾರನ್ನು ಜಾಲಾಡುತ್ತಿದ್ದಳು. ಅವತ್ತು ಕುರಿಯ ಹಗ್ಗ ಹಿಡಿದುಕೊಂಡು ಸುಮ್ಮನೆ ನೆಲ ನೋಡಿದಳು. ಅವಳಿಗೆ ಬೇಕಾಗಿದ್ದದ್ದು ಒಂದೇ: ಆ ಕಾಗದದಿಂದ ತನ್ನ ಹೆಸರು ಹೋಗಬೇಕು.

ಸೊರಬದಲ್ಲಿ ಕರಿಯಣ್ಣ ಹಿಡಿದ ವಕೀಲರು ಗುರುಪ್ರಕಾಶ್. ಒಳ್ಳೆಯ ಮನುಷ್ಯ, ಮೆತ್ತಗೆ ಮಾತಾಡುತ್ತಾರೆ. ತಾಯಮ್ಮ ಒಬ್ಬಳೇ ಹೋಗಲು ಅಂಜಿದಳೆಂದು ನಾನು ಅಂಗಡಿ ಮುಚ್ಚಿ ಜೊತೆಗೆ ಹೋದೆ. ಅವರು ಕೇಳಿದ್ದು ಎರಡೇ ಮಾತು.

'ಅಮ್ಮಾ, ನೀವು ಯಾವತ್ತಾದ್ರೂ ಆ ಹುಡುಗಿ ಜೊತೆ ಒಂದೇ ಮನೇಲಿ ಸಂಸಾರ ಮಾಡಿದ್ದೀರಾ?'

'ಇಲ್ರೀ. ನಂದು ಬ್ಯಾರೆ ಊರು.'

'ರೇಷನ್ ಕಾರ್ಡು, ಮನೆ, ಎಲ್ಲ ಬೇರೆ?'

'ಎಲ್ಲ ಬ್ಯಾರೇನೇ.'

'ಹಾಗಾದ್ರೆ ಚಿಂತೆ ಬಿಡಿ. ಈ ಕಾಯ್ದೆ ಇರೋದು ಒಂದೇ ಸೂರಿನ ಕೆಳಗೆ ಕೂಡಿ ಬಾಳಿದವರ ಮೇಲೆ. ದೂರದ ನೆಂಟರು, ಬಂದು ಹೋಗೋರು, ಇವರನ್ನೆಲ್ಲ ಎಳೆಯೋಕಾಗಲ್ಲ. ನಿಮ್ಮದು, ಶಿವಶಂಕರಂದು ಎರಡೂ ಹೆಸರು ತೆಗೆಸ್ತೀನಿ.'

ತಾಯಮ್ಮ ಕೈ ಮುಗಿದಳು. ಮೆಟ್ಟಿಲು ಇಳಿಯುವಾಗ ನನ್ನ ತೋಳು ಹಿಡಿದು, 'ಕಾಯ್ದೆ ಮಾಡಿದೋರು ಬುದ್ಧಿವಂತ್ರು ಬಿಡು' ಅಂದಳು. ನನಗೆ ನಗು ಬಂತು.

ಕೆಲವು ತಿಂಗಳಾದ ಮೇಲೆ ಅದು ಹಾಗೆಯೇ ಆಯಿತು. ಸುಮಾಳ ವಕೀಲೆ ರಕ್ಷಿತಾ ಅಂತ, ಚಿಕ್ಕ ವಯಸ್ಸಿನ ಹುಡುಗಿ. ಅವಳು ಈ ಇಬ್ಬರ ಬಗ್ಗೆ ಜಗಳಕ್ಕೇ ನಿಲ್ಲಲಿಲ್ಲ, ನಮ್ಮ ತಕರಾರಿಲ್ಲ ಅಂದಳು. ನ್ಯಾಯಾಧೀಶರು ಹೆಸರು ಕೈಬಿಟ್ಟರು. ತಾಯಮ್ಮ ಬಸ್ ಸ್ಟ್ಯಾಂಡಿನಲ್ಲಿ ನನಗೆ ಮಂಡಕ್ಕಿ ಮೆಣಸಿನಕಾಯಿ ಕೊಡಿಸಿದಳು. ಮುಂದಿನ ಸಂತೆಯಲ್ಲಿ ಅವಳ ಕೂಗು ಮತ್ತೆ ನನ್ನ ಅಂಗಡಿಗೆ ಕೇಳಿತು. ರಾಜಪ್ಪನಿಗೆ ಹಿಂದಿನದೆಲ್ಲ ಬಡ್ಡಿ ಸಮೇತ ತೀರಿಸಿದಳಂತೆ.

ಆ ಸಂತೋಷ ಬಹಳ ದಿನ ಇರಲಿಲ್ಲ. ಮತ್ತೊಂದು ಕಾಗದ ಬಂತು. ಈ ಸಲ ಆರೋಪವಲ್ಲ, ಸಾಕ್ಷಿ ಹೇಳಲು ಕರೆ. ಕರೆಸಿದವಳು ಸುಮಾ.

ವಿಷಯ ಏನೆಂದರೆ, ಕೋರ್ಟಿನಲ್ಲಿ ಯತೀಶ ಒಂದು ಕಥೆ ಕಟ್ಟಿದ್ದ. ಸುಮಾ ಮುನಿಸಿಕೊಂಡು ತವರಿಗೆ ಹೋದಾಗ ಅವಳ ಕೈ ಸರಿಯಾಗಿಯೇ ಇತ್ತು, ತವರಿನ ಕೊಟ್ಟಿಗೆಯಲ್ಲಿ ಜಾರಿಬಿದ್ದು ಮುರಿದುಕೊಂಡಳು, ತಾನು ದೊಡ್ಡ ಮನಸ್ಸು ಮಾಡಿ ಹಾಗೇ ಕರೆಸಿಕೊಂಡೆ ಅಂತ. ನೋಡಿದವರು ಮನೆಯವರೇ, ಅವರೆಲ್ಲ ಅದನ್ನೇ ಹೇಳಿದರು. ಸುಮಾಳ ತಾಯಿ ಬೇರೆ ಹೇಳಿದರೆ, ಮಗಳ ಕಡೆ ಹೇಳುತ್ತಾಳೆ ಅನ್ನುತ್ತಾರೆ. ಆ ಕೈ ಗಂಡನ ಮನೆಯಲ್ಲಿ ಮುರಿದದ್ದು ಅಂತ ಸಾಬೀತಾಗದೆ ಹೋದರೆ ಹುಡುಗಿಗೆ ಸೊಟ್ಟ ಕೈಯ ಆಪರೇಷನ್ನಿಗೆ ಪರಿಹಾರದ ದುಡ್ಡು ಸಿಗುವುದಿಲ್ಲ, ಸುಳ್ಳಿ ಅನ್ನಿಸಿಕೊಂಡು ಹೊರಬರಬೇಕು. ಆಗ ಸುಮಾಳಿಗೆ ಒಂದು ವಿಷಯ ನೆನಪಾಗಿತ್ತು. ಅಷ್ಟು ಊದಿದ ಕೈಗೆ ಅವತ್ತು ತಾಯಮ್ಮತ್ತೆ ತಂದ ಬಳೆ ಸಲೀಸಾಗಿ ಏರಿದ್ದವು. ಹಾಗಾದರೆ ಅತ್ತೆಗೆ ಕ್ಯಾಸನೂರಿಗೆ ಬರುವ ಮೊದಲೇ, ಅಂಬ್ಲಿಗೊಳದ ಮನೆಯಲ್ಲೇ ಗೊತ್ತಾಗಿತ್ತು.

ಕರಿಯಣ್ಣ ಅಕ್ಕನನ್ನು ಹುಡುಕಿಕೊಂಡು ಸಂತೆಗೇ ಬಂದ. ನನ್ನ ಅಂಗಡಿಯ ಮುಂದೆ ನಿಂತೇ ಮಾತಾಡಿದ, ನಾನಿದ್ದೇನೆ ಅನ್ನುವ ಖಬರೂ ಅವನಿಗಿರಲಿಲ್ಲ.

'ಅಕ್ಕ, ನಿನ್ನ ಹೆಸರು ತೆಗೆಸೀವಿ. ಈಗ ನೀನು ಮಾಡಬೇಕಾದ್ದು ಏನೂ ಇಲ್ಲ. ಬಳೆ ಯಾವುದೋ ತಂದೆ, ನೆನಪಿಲ್ಲ ಅನ್ನು. ವಯಸ್ಸಾಗೈತೆ, ಯಾರೂ ತಪ್ಪು ತಿಳಿಯಲ್ಲ.'

'ನೆನಪೈತಲ್ಲೋ ಕರಿಯ.'

'ನೆನಪಿದ್ರೆ ಮರೆ! ಯತೀಶನ್ನ ನೀನೇ ಎತ್ತಿ ಆಡಿಸಿದ್ದಲ್ಲ? ಆಕಿ ನಿನ್ನನ್ನೂ ಕಳ್ಳಿ ಮಾಡಿ ಕೋರ್ಟಿಗೆ ಎಳೆದೋಳು. ಆಕಿ ಪರ ಹೇಳ್ತೀಯಾ?' ಕರಿಯಣ್ಣನ ದನಿ ಏರಿತು. 'ಹೇಳು. ಆದ್ರೆ ಪಂಚಮಿಗೆ ಸೀರೆ ತಗೊಂಡು ನಿನ್ನ ಬಾಗಿಲಿಗೆ ಬರಾಕೆ ನಂಗೆ ಕಾಲು ಬರಾಕಿಲ್ಲ. ಸತ್ರೆ ತವರಿನ ಸೀರೆ ಹೊದಿಸೋರೂ ಇರಲ್ಲ.'

ಮಕ್ಕಳಿಲ್ಲದ ಹೆಂಗಸಿಗೆ ಅಂಥ ಮಾತು ಆಡುವುದು ಎಂದರೆ! ನನಗೆ ಅಳತೆ ಕೋಲು ತೆಗೆದುಕೊಂಡು ಅವನ ತಲೆಗೆ ಬಿಡಬೇಕು ಅನ್ನಿಸಿತು. ತಾಯಮ್ಮ ಮಾತ್ರ, 'ಬಿಸ್ಲಾಗೈತೆ, ಒಂದು ಲೋಟ ಮಜ್ಜಿಗಿ ಕುಡ್ಕೊಂಡ್ ಹೋಗಪ್ಪ' ಅಂದಳು. ಅವನು ಕುಡಿಯದೆ ಹೋದ.

ಅವನು ಹೋದ ಮೇಲೆ ಅವಳು ಒಳಗೆ ಬಂದು ಸ್ಟೂಲಿನ ಮೇಲೆ ಕೂತಳು. ತಾನಾಗಿಯೇ ಹೇಳಿದಳು.

'ಅವತ್ತು ಬಳೆ ತೊಡಿಸ್ವಾಗ ಆಕಿ ನನ್ನ ಮುಖ ನೋಡ್ತಿದ್ಲು ರಾಜವ್ವ. ಕೈ ಮುಟ್ಟಿದ್ರೆ ಬೆಂಕಿ ಮುಟ್ಟಿದಂಗಿತ್ತು. ಅತ್ತೆ, ನೋಯ್ತದೆ ಅಂದ್ಲು. ನಾನು, ನೋಯಿಸ್ಕೊಳ್ದೆ ಬಾಳ್ವೆ ಆಗ್ತೈತಾ ಅಂದೆ. ನಗ್ತಾ ಅಂದೆ ಕಣೆ. ನಗ್ತಾ.'

ಅಷ್ಟು ಹೇಳಿ ಸೆರಗು ಬಾಯಿಗೆ ತುರುಕಿಕೊಂಡಳು. ಅವಳು ಅಳುವುದನ್ನು ನಾನು ಮೊದಲ ಸಲ ನೋಡಿದ್ದು. ಸಮಾಧಾನ ಹೇಳುವಂಥದ್ದು ಅದರಲ್ಲಿ ಏನೂ ಇರಲಿಲ್ಲ.

ಸಾಕ್ಷಿಯ ದಿನ ಅವಳ ಜೊತೆ ನಾನೂ ಸೊರಬದ ಬಸ್ ಹತ್ತಿದೆ. ಏನು ಹೇಳುತ್ತಾಳೆ ಅಂತ ನನಗೂ ಗೊತ್ತಿರಲಿಲ್ಲ. ಕೋರ್ಟಿನ ಜಗಲಿಯಲ್ಲಿ ಒಂದು ಕಡೆ ಕರಿಯಣ್ಣ, ಯತೀಶ ನಿಂತಿದ್ದರು. ಇನ್ನೊಂದು ಕಡೆ ಬೆಂಚಿನ ಮೇಲೆ ಸುಮಾ, ತಾಯಿಯ ಜೊತೆ. ಬಲಗೈಯನ್ನು ಸೆರಗಿನೊಳಗೆ ಇಟ್ಟುಕೊಂಡಿದ್ದಳು. ಯತೀಶ ಬಂದು, 'ಅತ್ತೆ, ಉಂಡೀಯಾ?' ಅಂತ ಕೇಳಿದ. ತಾಯಮ್ಮ ತಲೆಯಾಡಿಸಿದಳು. ಅವನ ಕೆನ್ನೆ ಸವರಲು ಎತ್ತಿದ ಕೈಯನ್ನು ಅರ್ಧಕ್ಕೇ ಇಳಿಸಿದಳು.

ಒಳಗೆ ಕರೆದರು. ಕಟಕಟೆಯಲ್ಲಿ ಅವಳು ಬೇರೆ ಯಾರೋ ಅನ್ನಿಸುವಷ್ಟು ಸಣ್ಣಗೆ ಕಂಡಳು. ಪ್ರಮಾಣ ಮಾಡಿಸಿದರು. ರಕ್ಷಿತಾ ಎದ್ದು ಕೇಳಿದಳು.

'ಎರಡನೇ ಸಲ ಕರೆಯೋಕೆ ಹೋದಾಗ ಬಳೆ ಎಲ್ಲಿ ತಗೊಂಡ್ರಿ?'

'ಶಿರಾಳಕೊಪ್ಪದಾಗೆ.'

'ಮೊದಲನೇ ಸಲ ತಗೊಂಡ ಅಳತೇನೇನಾ?'

ತಾಯಮ್ಮ ತಮ್ಮನ ಕಡೆ ನೋಡಿದಳು. ಕರಿಯಣ್ಣ ಕೆಮ್ಮಿದ. ಇವಳು ನೆನಪಿಲ್ಲ ಅನ್ನುತ್ತಾಳೆ ಅಂತಲೇ ನಾನು ಅಂದುಕೊಂಡೆ, ಸೆರಗಿನ ತುದಿ ಬೆರಳಿಗೆ ಸುತ್ತಿಕೊಂಡು ಕೂತಿದ್ದೆ.

'ಅಲ್ಲ,' ಅಂದಳು. 'ದೊಡ್ಡವು ತಗೊಂಡೆ. ಕೈ ಊದಿತ್ತಲ್ಲ.'

'ಕೈ ಊದಿದ್ದು ನಿಮಗೆ ಯಾರು ಹೇಳಿದ್ದು?'

'ನನ್ನ ತಮ್ಮನ ಹೆಂಡ್ತಿ. ಅಂಬ್ಲಿಗೊಳದಾಗೆ, ಅವ್ರ ಮನೇಲೇ. ಯತೀಶ ಬಾಗಿಲು ಹಾಕಿ ಅದುಮಿದ, ಆಕಿ ಕೂಗಿದ್ರೂ ಬಿಡಲಿಲ್ಲ ಅಂತ.'

ಹಿಂದಿನ ಬೆಂಚಿನಲ್ಲಿ ಯಾರೋ ಉಸಿರೆಳೆದುಕೊಂಡರು. ಯತೀಶ ಎದ್ದು ಹೊರಗೆ ಹೋದ. ರಕ್ಷಿತಾ ಇನ್ನೇನೂ ಕೇಳದೆ ಕೂತಳು. ಈಗ ಗುರುಪ್ರಕಾಶರ ಸರದಿ. ಅವರು ಸಿಟ್ಟಾಗಲಿಲ್ಲ, ದನಿ ಏರಿಸಲಿಲ್ಲ. ಎಷ್ಟು ಮರ್ಯಾದೆಯಿಂದ ಕೇಳಿದರು ಅಂದರೆ, ಅದನ್ನು ಕೇಳುವುದೇ ಕಷ್ಟವಾಯಿತು.

'ಅಮ್ಮಾ, ನೀವು ಹಿರಿಯರು. ಎಷ್ಟೋ ಮನೆ ಉಳಿಸಿದವರು ಅಂತ ಜನ ಹೇಳ್ತಾರೆ. ಹೌದಲ್ವಾ?'

'ಹಂಗಂತಾರೆ.'

'ಸುಮಾ ನಿಮಗೆ ಮಗಳ ಸಮಾನ?'

'ಹೌದ್ರೀ.'

'ಗಂಡನೇ ಕೈ ಮುರಿದಿದ್ದಾನೆ ಅಂತ ಮೊದಲೇ ಗೊತ್ತಿದ್ರೆ, ನಿಮ್ಮಂಥವರು ಆ ಹುಡುಗೀನ ಮತ್ತೆ ಅದೇ ಮನೆಗೆ ಕರ್ಕೊಂಡು ಹೋಗಿ ಬಿಡ್ತಿದ್ರಾ? ಮನುಷ್ಯರು ಯಾರಾದ್ರೂ ಹಾಗೆ ಮಾಡ್ತಾರಾ? ಇಲ್ಲ ತಾನೇ? ಅಂದ್ರೆ ನಿಮಗೆ ಆಗ ಗೊತ್ತಿರಲಿಲ್ಲ. ಈಗ ಯಾರೋ ಹೇಳಿಕೊಟ್ಟಿದ್ದಾರೆ. ಅಷ್ಟೇ ಅಲ್ವಾ?'

ನನಗೆ ಅರ್ಥವಾಯಿತು. ಹೌದು ಅಂದರೆ ಸಾಕಿತ್ತು. ಅವಳು ಒಳ್ಳೆಯವಳಾಗಿಯೇ ಉಳಿಯುತ್ತಿದ್ದಳು, ಮರೆವಿನ ಮುದುಕಿ ಅನ್ನುತ್ತಿದ್ದರು, ತವರೂ ಉಳಿಯುತ್ತಿತ್ತು. ಇಲ್ಲ ಅಂದರೆ, ತಾನು ಎಂಥವಳು ಅಂತ ತನ್ನ ಬಾಯಿಂದಲೇ ಊರ ಮುಂದೆ ಹೇಳಿಕೊಂಡ ಹಾಗೆ. ತಾಯಮ್ಮ ಕಟಕಟೆಯ ಕಟ್ಟಿಗೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು. ಮುಖ ಕಪ್ಪಿಟ್ಟಿತು.

'ಉತ್ತರ ಹೇಳಿ,' ಅಂದರು ನ್ಯಾಯಾಧೀಶರು.

'ಗೊತ್ತಿತ್ತು ತಾಯಿ,' ಅಂದಳು. ದನಿ ಎಷ್ಟು ಸಣ್ಣದಾಗಿತ್ತೆಂದರೆ ಟೈಪು ಮಾಡುವವನು ಕತ್ತೆತ್ತಿ ನೋಡಿದ. ಅವಳು ವಕೀಲರ ಕಡೆ ತಿರುಗಿ ಇನ್ನೊಮ್ಮೆ, ಸಂತೆಯ ದನಿಯಲ್ಲಿ ಹೇಳಿದಳು. 'ಗೊತ್ತಿತ್ತು. ಗೊತ್ತಿದ್ದೇ ಕರ್ಕೊಂಡ್ ಹೋಗಿ ಬಿಟ್ಟೆ. ಮನುಷ್ಯರು ಮಾಡ್ತಾರೆ ಸ್ವಾಮಿ. ನಾನು ಮಾಡೀನಿ. ಬರ್ಕೊಳ್ಳಿ ಅದನ್ನ.'

ಗುರುಪ್ರಕಾಶ್ ಕಾಗದ ತಿರುವಿ ಹಾಕಿ, ಮತ್ತೇನೂ ಇಲ್ಲ ಅಂದು ಕೂತರು.

ಹೊರಗೆ ಬಂದಾಗ ಕರಿಯಣ್ಣ ನಮ್ಮ ಕಡೆ ಬೆನ್ನು ಮಾಡಿ ನಿಂತಿದ್ದ. ತಾಯಮ್ಮ ಅವನ ಹತ್ತಿರ ಒಂದು ಗಳಿಗೆ ನಿಂತಳು. ಅವನು ತಿರುಗಲಿಲ್ಲ, ಮೋಟಾರ್ ಬೈಕ್ ಹತ್ತಿ ಹೋದ. ಅವಳು ಅವನು ಹೋದ ದಾರಿಯನ್ನೇ ನೋಡಿದಳು. ಆಮೇಲೆ ಬೇವಿನ ಮರದ ಕೆಳಗೆ ನಿಂತಿದ್ದ ಸುಮಾಳ ಕಡೆ ನಡೆದಳು. ನಾನು ಹಿಂದೆಯೇ ಹೋದೆ. ನಿಜ ಹೇಳಬೇಕೆಂದರೆ, ಹುಡುಗಿ ಇವಳ ಕಾಲಿಗೆ ಬೀಳುತ್ತಾಳೆ, ಇಬ್ಬರೂ ಅಳುತ್ತಾರೆ, ಅಲ್ಲಿಗೆ ಎಲ್ಲ ಸರಿಹೋಗುತ್ತದೆ ಅಂತ ನನಗೊಂದು ಆಸೆ ಇತ್ತು.

ತಾಯಮ್ಮ ಅವಳ ಬಲಗೈ ಹಿಡಿಯಲು ಕೈ ಚಾಚಿದಳು. ಸುಮಾ ಒಂದು ಹೆಜ್ಜೆ ಹಿಂದೆ ಸರಿದಳು.

'ನಿಮ್ಮ ಮಾತಿಂದ ನಂಗೆ ಉಪಕಾರ ಆಯ್ತು ಅತ್ತೆ. ಇಲ್ಲ ಅನ್ನಲ್ಲ,' ಅಂದಳು. ಹುಡುಗಿಯ ದನಿಯಲ್ಲಿ ಸಿಟ್ಟಿರಲಿಲ್ಲ. 'ಆದ್ರೆ ಅವತ್ತು ಆಸ್ಪತ್ರೆಗೆ ತೋರ್ಸಿ ಅಂತ ನೀವೊಂದು ಮಾತು ಹೇಳಿದ್ದಿದ್ರೆ ಈ ಕೈ ಉಳೀತಿತ್ತು. ಕೋರ್ಟು ನಿಮ್ಮ ಹೆಸರು ತೆಗೀತು. ನಾನು ತೆಗ್ದಿಲ್ಲ.'

ಸುಮಾಳ ತಾಯಿ ಮಗಳ ಭುಜ ಹಿಡಿದು ಹೊರಡಿಸಲು ನೋಡಿದಳು. ತಾಯಮ್ಮ ಚಾಚಿದ ಕೈಯನ್ನು ಮೆಲ್ಲಗೆ ಹಿಂದಕ್ಕೆ ತೆಗೆದುಕೊಂಡು, ಎಲ್ಲಿಡಬೇಕು ಅಂತ ತಿಳಿಯದೆ ಸೆರಗಿನಲ್ಲಿ ಸುತ್ತಿಕೊಂಡಳು.

'ತೆಗೀಬ್ಯಾಡ ಕಣವ್ವ,' ಅಂದಳು.